ಗವಿಯ ಕತ್ತಲಲ್ಲಿ ಬೆಳಗುವ ಟಿಟಿವಾಯ್: ಪದೇ ಪದೇ ಕೇಳುವ ಪ್ರಶ್ನೆಗಳು

ನ್ಯೂಜಿಲೆಂಡಿನ ವೈಟೊಮೊ ಗವಿಯನ್ನು ನೋಡಿಕೊಂಡು ಬಂದ ಮೇಲೆ ಮನೆಯವರು, ನೆಂಟರು, ಅವರ ಮಕ್ಕಳು ನನ್ನನ್ನು ಕೇಳುತ್ತಲೇ ಇರುವ ಪ್ರಶ್ನೆಗಳಿವು. ಗವಿಯೊಳಗೆ ಆಕಾಶವಿದೆಯಂತೆ, ಅಲ್ಲಿನ ಟಿಟಿವಾಯ್ ಎಂಬ ಹುಳುಗಳು ಕನಸು ಕಾಣುತ್ತಾ ಹೊಳೆಯುತ್ತವಂತೆ ಎಂಬ ಮಾತು ಬಾಯಿಂದ ಬಾಯಿಗೆ ಹೋಗಿ ದೊಡ್ಡದಾಗಿದೆ. ಆ ಹುಳುವಿನ ನಿಜವಾದ ಕಥೆ ಈ ಮಾತಿಗಿಂತ ಸೊಗಸಾಗಿದೆ ಎಂಬುದು ನನ್ನ ನಂಬಿಕೆ. ಅದಕ್ಕಾಗಿಯೇ ಒಂದೊಂದು ಪ್ರಶ್ನೆಗೂ ತಾಳ್ಮೆಯಿಂದ ಉತ್ತರ ಬರೆದಿದ್ದೇನೆ.

ಇದು ನಮ್ಮ ಮಿಂಚುಹುಳುವೇ?

ಅಲ್ಲ. ನಾವು ಮಿಂಚುಹುಳು, ಮಿಣುಕುಹುಳು ಎಂದು ಕರೆಯುವುದು ಜೀರುಂಡೆಗಳ ಗಣಕ್ಕೆ ಸೇರಿದ ಕೀಟ. ಗವಿಯಲ್ಲಿ ಬೆಳಗುವುದು ನೊಣ, ಸೊಳ್ಳೆಗಳ ಗಣಕ್ಕೆ ಸೇರಿದ ಒಂದು ಬಗೆಯ ನೊರಜಿನ ಮರಿಹುಳು. ಅಣಬೆಗಳ ಮೇಲೆ ಬದುಕುವ ಸಣ್ಣ ನೊರಜುಗಳಿವೆಯಲ್ಲ, ಅವುಗಳ ಹತ್ತಿರದ ಸಂಬಂಧಿ ಇದು. ಆದರೆ ಇದು ಅಣಬೆ ತಿನ್ನುವುದಿಲ್ಲ, ಬೇಟೆಯಾಡುತ್ತದೆ.

ಇಂಗ್ಲಿಷಿನಲ್ಲಿ ಎರಡಕ್ಕೂ ಗ್ಲೋವರ್ಮ್ ಎಂಬ ಒಂದೇ ಹೆಸರು ಇರುವುದರಿಂದ ಗೊಂದಲ ಹುಟ್ಟಿತು. ಈ ಗೊಂದಲ ನಮ್ಮದಷ್ಟೇ ಅಲ್ಲ. 1871ರಲ್ಲಿ ನ್ಯೂಜಿಲೆಂಡಿನ ಥೇಮ್ಸ್ ಪ್ರದೇಶದ ಚಿನ್ನದ ಗಣಿಯೊಂದರಲ್ಲಿ ಈ ಹುಳು ಸಿಕ್ಕಾಗ ಯುರೋಪಿನ ಮಿಂಚುಹುಳುವಿನ ಸಂಬಂಧಿಯೇ ಇರಬೇಕು ಎಂದುಕೊಂಡಿದ್ದರು. 1886ರಲ್ಲಿ ಕ್ರೈಸ್ಟ್‌ಚರ್ಚ್‌ನಲ್ಲಿ ಶಿಕ್ಷಕರಾಗಿದ್ದ ಎಡ್ವರ್ಡ್ ಮೇರಿಕ್ ಅದು ಜೀರುಂಡೆಯಲ್ಲ, ನೊರಜಿನ ಮರಿ ಎಂದು ತೋರಿಸಿಕೊಟ್ಟರು. 1891ರಲ್ಲಿ ಅದಕ್ಕೆ ಮೊದಲ ವೈಜ್ಞಾನಿಕ ಹೆಸರು ಬಂತು. 1924ರಲ್ಲಿ ಅದನ್ನು ಬೇರೆಯೇ ಕುಲವಾಗಿ ಗುರುತಿಸಿ ಅರಾಕ್ನೋಕ್ಯಾಂಪಾ ಎಂದು ಕರೆದರು. ಗ್ರೀಕ್ ಭಾಷೆಯಿಂದ ಬಂದ ಈ ಹೆಸರನ್ನು ಬಿಡಿಸಿದರೆ ಜೇಡ ಮತ್ತು ಕಂಬಳಿಹುಳು ಎರಡೂ ಸಿಗುತ್ತವೆ. ಜೇಡನಂತೆ ನೂಲುವ ಮರಿಹುಳು ಎನ್ನಬಹುದು. ವೈಟೊಮೊದಲ್ಲಿ ಇರುವುದು ಅರಾಕ್ನೋಕ್ಯಾಂಪಾ ಲುಮಿನೋಸಾ. ಇದು ನ್ಯೂಜಿಲೆಂಡನ್ನು ಬಿಟ್ಟು ಬೇರೆಲ್ಲಿಯೂ ಇಲ್ಲ.

ಟಿಟಿವಾಯ್ ಎಂದರೇನು?

ನ್ಯೂಜಿಲೆಂಡಿನ ಮೂಲನಿವಾಸಿಗಳಾದ ಮಾವೋರಿ ಜನ ಇಟ್ಟ ಹೆಸರು. ವಾಯ್ ಎಂದರೆ ನೀರು. ನೀರಿನ ಮೇಲೆ ಚಾಚಿಕೊಂಡದ್ದು ಎಂದು ಇಡೀ ಪದಕ್ಕೆ ಅರ್ಥ ಹೇಳುತ್ತಾರೆ. ವೈಟೊಮೊ ಎಂಬ ಊರಿನ ಹೆಸರಿನಲ್ಲಿಯೂ ಅದೇ ನೀರು ಇದೆ. ಟೊಮೊ ಎಂದರೆ ನೆಲದಲ್ಲಿನ ಬಿಲ, ಕುಳಿ. ಈ ಬರಹದಲ್ಲಿ ನಾನು ಆ ಹೆಸರನ್ನೇ ಬಳಸುತ್ತೇನೆ. ಹುಳುವಿನ ಜೊತೆ ತಲೆಮಾರುಗಳಿಂದ ಬದುಕಿದವರು ಇಟ್ಟ ಹೆಸರು ಅದು.

ಎಲ್ಲೆಲ್ಲಿ ಇವೆ? ಗವಿಯಲ್ಲಿ ಮಾತ್ರವೇ?

ನ್ಯೂಜಿಲೆಂಡಿನ ಉತ್ತರ ದ್ವೀಪ, ದಕ್ಷಿಣ ದ್ವೀಪ ಎರಡರಲ್ಲಿಯೂ ಇವೆ. ಆಸ್ಟ್ರೇಲಿಯಾದ ಪೂರ್ವ ಭಾಗದಲ್ಲಿ, ಟಾಸ್ಮೇನಿಯಾದವರೆಗೆ, ಇದೇ ಕುಲದ ಬೇರೆ ಪ್ರಭೇದಗಳಿವೆ. ಕ್ವೀನ್ಸ್‌ಲ್ಯಾಂಡಿನ ಸ್ಪ್ರಿಂಗ್‌ಬ್ರೂಕ್ ಕಾಡು, ನ್ಯೂ ಸೌತ್ ವೇಲ್ಸಿನ ನ್ಯೂನ್ಸ್‌ನಲ್ಲಿರುವ ಹಳೆಯ ರೈಲು ಸುರಂಗ, ಟಾಸ್ಮೇನಿಯಾದ ಮಿಸ್ಟರಿ ಕ್ರೀಕ್ ಗವಿ ಇವುಗಳಿಗೆ ಹೆಸರಾದ ಜಾಗಗಳು.

ಗವಿಯೇ ಬೇಕು ಎಂದೇನಿಲ್ಲ. ಕಾಡಿನ ತೊರೆಯ ಪಕ್ಕದ ಮಣ್ಣಿನ ಬರೆ, ಪಾಚಿ ಹಿಡಿದ ಬಂಡೆಯ ಅಡಿ, ಪಾಳುಬಿದ್ದ ಸುರಂಗ ಎಲ್ಲವೂ ಆಗುತ್ತದೆ. ಬೇಕಾದದ್ದು ಮೂರು: ಸದಾ ಪಸೆ, ಅಲುಗಾಡದ ಗಾಳಿ, ಹಾರುಹುಳುಗಳನ್ನು ತಂದುಕೊಡುವ ನೀರು. ಹೊಳೆ ಹರಿಯುವ ಸುಣ್ಣಕಲ್ಲಿನ ಗವಿಯಲ್ಲಿ ಈ ಮೂರೂ ಒಂದೇ ಕಡೆ ಸಿಗುತ್ತವೆ. ಆದ್ದರಿಂದಲೇ ಅಲ್ಲಿ ಅವು ಸಾವಿರಗಟ್ಟಲೆ ಸೇರಿಕೊಂಡು ನಮಗೆ ಆಕಾಶದಂತೆ ಕಾಣುತ್ತವೆ.

ಏಕೆ ಬೆಳಗುತ್ತವೆ?

ಹಸಿವಿಗೆ. ಇಷ್ಟು ಹೇಳಿದಾಗ ಎಷ್ಟೋ ಜನರ ಮುಖ ಬಾಡುತ್ತದೆ. ಆದರೆ ಈ ಹುಳುವಿನ ಬಗ್ಗೆ ತಿಳಿಯಬೇಕಾದ ಮೊದಲ ಮಾತು ಇದೇ.

ನಮ್ಮೂರುಗಳಲ್ಲಿ ಮುಂಗಾರಿನ ಮೊದಲ ಮಳೆ ಬಿದ್ದ ಸಂಜೆ ಜಗಲಿಯ ದೀಪಕ್ಕೆ ಹುಳು ಮುತ್ತುವುದನ್ನು ಎಲ್ಲರೂ ನೋಡಿದ್ದೇವೆ. ಊಟದ ತಟ್ಟೆಗೆ ಬೀಳುತ್ತವೆ ಎಂದು ಅಮ್ಮ ದೀಪ ಆರಿಸಿ, ದೂರದಲ್ಲಿ ಒಂದು ಬುಡ್ಡಿ ಹಚ್ಚಿಟ್ಟು, ಅದರ ಕೆಳಗೆ ನೀರಿನ ಬೋಗುಣಿ ಇಡುತ್ತಿದ್ದರು. ಹುಳುಗಳೆಲ್ಲ ಅಲ್ಲಿಗೆ ಹೋಗಿ ನೀರಿಗೆ ಬೀಳುತ್ತಿದ್ದವು. ಟಿಟಿವಾಯ್ ಮಾಡುವುದೂ ಇದನ್ನೇ. ಗವಿಯ ಹೊಳೆಯ ನೀರಿನಲ್ಲಿ ಹುಟ್ಟಿದ ಸಣ್ಣ ಹಾರುಹುಳುಗಳು ಕತ್ತಲಲ್ಲಿ ಮೇಲೇಳುತ್ತವೆ. ಮೇಲೆ ನೀಲಿ-ಹಸಿರು ಚುಕ್ಕಿಗಳು ಕಾಣುತ್ತವೆ. ಬಯಲಿಗೆ ದಾರಿ ಅಲ್ಲಿದೆ ಎಂದು ಅವು ಮೇಲಕ್ಕೆ ಹಾರುತ್ತವೆ, ಬೆಳಕಿನ ಕೆಳಗೆ ಇಳಿಬಿಟ್ಟ ಅಂಟು ಎಳೆಗಳಿಗೆ ಸಿಕ್ಕಿಕೊಳ್ಳುತ್ತವೆ. ಅಮ್ಮನ ಬೋಗುಣಿಯ ಜಾಗದಲ್ಲಿ ಇಲ್ಲಿ ಗಾಳದ ದಾರಗಳಿವೆ, ಅಷ್ಟೇ.

ಹಸಿದ ಮರಿ ಹೆಚ್ಚು ಪ್ರಖರವಾಗಿ ಬೆಳಗುತ್ತದೆ. ಹೊಟ್ಟೆ ತುಂಬಿದ್ದು ಮಂದವಾಗುತ್ತದೆ. ಗವಿಯ ಚಾವಣಿಯಲ್ಲಿ ಎದ್ದು ಕಾಣುವ ಚುಕ್ಕಿಯನ್ನು ತೋರಿಸಿ "ಅಗೋ, ಅದು ಶುಕ್ರ" ಎಂದು ದೋಣಿಯಲ್ಲಿ ಯಾರೋ ಪಿಸುಗುಟ್ಟಿದರು. ಆ ಕತ್ತಲಲ್ಲಿ ಎಲ್ಲರಿಗಿಂತ ಹೊಟ್ಟೆಗಿಲ್ಲದೆ ಕುಳಿತ ಮರಿ ಅದೇ ಇರಬಹುದು ಎಂದು ನನಗೆ ಅನ್ನಿಸಿತು. ಅದಾದ ಮೇಲೆ ಕಣ್ಣು ಆ ಚುಕ್ಕಿಯ ಮೇಲೇ ನಿಂತುಬಿಟ್ಟಿತು.

ಆ ಎಳೆಗಳನ್ನು ಹೇಗೆ ಮಾಡುತ್ತದೆ?

ವೈಟೊಮೊದಲ್ಲಿ ದೋಣಿ ಹತ್ತುವ ಮೊದಲು ತಗ್ಗು ಚಾವಣಿಯ ಒಂದು ಕಡೆ ಮಾರ್ಗದರ್ಶಿ ತನ್ನ ಟಾರ್ಚನ್ನು ಓರೆಯಾಗಿ ಹಿಡಿದು ಎಳೆಗಳನ್ನು ತೋರಿಸಿದಳು. ನನಗೆ ಬೆಳಕಿಗಿಂತ ಹೆಚ್ಚು ನೆನಪಿರುವುದು ಅದು. ಬಂಡೆಗೆ ಅಂಟಿಕೊಂಡಂತೆ ಅಡ್ಡಲಾಗಿ ಒಂದು ಪಾರದರ್ಶಕ ಕೊಳವೆ, ರೇಷ್ಮೆ ಮತ್ತು ಲೋಳೆಯಿಂದ ಮಾಡಿದ ಜೋಲಿಯಂಥದ್ದು. ಅದರೊಳಗೆ ಬೆಂಕಿಕಡ್ಡಿಗಿಂತ ಸಣಕಲಾದ ಮಾಸಲು ಹುಳು ಹಿಂದೆ ಮುಂದೆ ಜಾರುತ್ತಿತ್ತು. ಜೋಲಿಯಿಂದ ಕೆಳಕ್ಕೆ ಹತ್ತಾರು ಎಳೆಗಳು. ಪ್ರತಿಯೊಂದು ಎಳೆಯ ಉದ್ದಕ್ಕೂ ಸಮ ಅಂತರದಲ್ಲಿ ಹನಿಗಳು ಪೋಣಿಸಿದ್ದವು, ಗಾಜಿನ ಮಣಿಸರದ ಹಾಗೆ. ಯಾರೋ ಜೋರಾಗಿ ಉಸಿರು ಬಿಟ್ಟಾಗ ಇಡೀ ಪರದೆ ಓಲಾಡಿತು.

ಒಂದು ಮರಿ 70ರವರೆಗೆ ಎಳೆಗಳನ್ನು ಇಳಿಬಿಡಬಲ್ಲದು. ಗಾಳಿಯಿಲ್ಲದ ಗವಿಯಲ್ಲಿ ಒಂದೊಂದು ಎಳೆ 30-40 ಸೆಂಟಿಮೀಟರ್ ಉದ್ದವಾಗುವುದುಂಟು. ಗಾಳಿ ಆಡುವ ಕಾಡಿನ ಬರೆಯಲ್ಲಿ ಕೆಲವೇ ಸೆಂಟಿಮೀಟರ್, ಏಕೆಂದರೆ ಉದ್ದವಾದರೆ ಒಂದಕ್ಕೊಂದು ತೊಡರಿಕೊಂಡು ಗಂಟಾಗುತ್ತವೆ. ಎಳೆ ಇಳಿಸುವಾಗ ಮರಿ ಜೋಲಿಯಿಂದ ಅರ್ಧ ಮೈ ಹೊರಚಾಚಿ, ಬಾಯಿಯಿಂದ ಸ್ವಲ್ಪ ರೇಷ್ಮೆ, ಒಂದು ಹನಿ ಲೋಳೆ, ಮತ್ತೆ ಸ್ವಲ್ಪ ರೇಷ್ಮೆ, ಮತ್ತೊಂದು ಹನಿ ಎಂದು ಪೋಣಿಸುತ್ತಾ ಹೋಗುತ್ತದೆ. ಆ ಹನಿ ಬಹುಪಾಲು ನೀರೇ. ಸುತ್ತಲಿನ ಗಾಳಿ ಒಣಗಿದರೆ ಹನಿಯೂ ಒಣಗುತ್ತದೆ, ಅಂಟು ಹೋಗುತ್ತದೆ, ಮರಿ ಉಪವಾಸ ಬೀಳುತ್ತದೆ. ಒಣಗಿದ ಅಥವಾ ಕೆಟ್ಟ ಎಳೆಗಳನ್ನು ತೆಗೆದು ಹೊಸದು ಕಟ್ಟುವುದು ಅದರ ನಿತ್ಯದ ಕೆಲಸ.

ಬೇಟೆ ಸಿಕ್ಕಿದ್ದು ಎಳೆಯ ನಡುಕದಿಂದ ತಿಳಿಯುತ್ತದೆ. ಆಗ ಮರಿ ಆ ಎಳೆಯನ್ನು ಬಾಯಿಯಿಂದ ಮೇಲಕ್ಕೆಳೆಯುತ್ತದೆ, ಎಳೆದಷ್ಟನ್ನೂ ನುಂಗುತ್ತದೆ. ನಮ್ಮ ಹಳ್ಳಿಯ ಬಾವಿಯಲ್ಲಿ ಕೊಡ ಸೇದುವವರ ಕಾಲ ಬಳಿ ಹಗ್ಗ ಸುರುಳಿಯಾಗಿ ಬೀಳುತ್ತಿತ್ತು. ಇಲ್ಲಿ ಹಗ್ಗವೇ ಊಟದ ಮೊದಲ ತುತ್ತು.

ಬೆಳಕು ಎಲ್ಲಿಂದ ಬರುತ್ತದೆ? ಸುಡುವುದಿಲ್ಲವೇ?

ಸುಡುವುದಿಲ್ಲ. ಇದು ರಾಸಾಯನಿಕ ಕ್ರಿಯೆಯಿಂದ ಹುಟ್ಟುವ ತಣ್ಣನೆಯ ಬೆಳಕು. ಲೂಸಿಫೆರಿನ್ ಎಂಬ ವಸ್ತು, ಲೂಸಿಫರೇಸ್ ಎಂಬ ಕಿಣ್ವ, ಜೀವಕೋಶದ ಶಕ್ತಿಯ ನಾಣ್ಯವಾದ ಎಟಿಪಿ ಮತ್ತು ಆಮ್ಲಜನಕ ಸೇರಿದಾಗ ಬೆಳಕು ಬರುತ್ತದೆ. ಮಿಂಚುಹುಳುವಿನಲ್ಲಿಯೂ ಈ ಚೌಕಟ್ಟು ಇದೆ. ಆದರೆ ಟಿಟಿವಾಯ್‌ಯ ಲೂಸಿಫೆರಿನ್ ಬೇರೆಯೇ ವಸ್ತು. ಅದರ ರಚನೆ ಬಿಡಿಸಿದ್ದು 2018ರಲ್ಲಿ. ಬಣ್ಣವೂ ಬೇರೆ. ಮಿಂಚುಹುಳು ಹಳದಿ-ಹಸಿರು, ಇದು ನೀಲಿ-ಹಸಿರು, ಸುಮಾರು 490 ನ್ಯಾನೋಮೀಟರ್ ಅಲೆಯುದ್ದದ ಆಸುಪಾಸಿನದು.

ಬೆಳಕಿನ ಅಂಗ ಇರುವುದು ಬಾಲದ ತುದಿಯಲ್ಲಿ. ಕೀಟಗಳಲ್ಲಿ ಮಾಲ್ಪೀಜಿಯನ್ ನಾಳಗಳು ಎಂಬ ಸಣ್ಣ ಕೊಳವೆಗಳು ನಮ್ಮ ಮೂತ್ರಪಿಂಡದ ಕೆಲಸ ಮಾಡುತ್ತವೆ. ಈ ಕುಲದಲ್ಲಿ ಆ ನಾಳಗಳ ತುದಿಯೇ ಉಬ್ಬಿ ದೀಪವಾಗಿದೆ. ಅದರ ಹಿಂದೆ ಗಾಳಿ ತುಂಬಿದ ಉಸಿರ್ನಾಳಗಳ ದಟ್ಟ ಹಾಸು ಇದ್ದು, ಕನ್ನಡಿಯ ಹಾಗೆ ಬೆಳಕನ್ನು ಕೆಳಕ್ಕೆ ತಳ್ಳುತ್ತದೆ. ಕಶ್ಮಲ ಹೊರಹಾಕುವ ಅಂಗವೇ ದೀಪವಾಯಿತು ಎಂದು ಕೇಳಿ ಮೂಗು ಮುರಿಯುವವರಿದ್ದಾರೆ. ನನಗಂತೂ ಇದಕ್ಕಿಂತ ಗೌರವ ಹುಟ್ಟಿಸುವ ಸಂಗತಿ ಈ ಹುಳುವಿನಲ್ಲಿ ಇನ್ನೊಂದಿಲ್ಲ. ಹೊಸ ಅಂಗವನ್ನು ಎಲ್ಲಿಂದಲೋ ತರದೆ, ಇದ್ದುದರ ತುದಿಯನ್ನೇ ಬೆಳಗಿಸಿಕೊಂಡಿದೆ.

ನಕ್ಷತ್ರದಂತೆ ಮಿನುಗುತ್ತವೆಯೇ?

ಇಲ್ಲ. ಮಿಂಚುಹುಳುವಿನ ಹಾಗೆ ಹತ್ತಿ ಆರುವುದೂ ಇಲ್ಲ. ಒಂದೇ ಸಮನೆ, ನಿಶ್ಚಲವಾಗಿ ಬೆಳಗುತ್ತವೆ. ಹೆಚ್ಚಾಗುವುದು, ಕಡಿಮೆಯಾಗುವುದು ಬಹಳ ನಿಧಾನ.

ನಿದ್ರೆ ಮಾಡುತ್ತವೆಯೇ? ಕನಸು ಕಾಣುತ್ತವೆಯೇ?

ಮಕ್ಕಳು ಮೊದಲು ಕೇಳುವ ಪ್ರಶ್ನೆ ಇದು. ದೊಡ್ಡವರೂ ಕೇಳುತ್ತಾರೆ, ಸ್ವಲ್ಪ ಸಂಕೋಚದಿಂದ. ಸಂಕೋಚ ಬೇಡ, ವಿಜ್ಞಾನಿಗಳೂ ಇದನ್ನೇ ಕೇಳುತ್ತಿದ್ದಾರೆ.

ನಿದ್ರೆಯಿಂದ ಹಿಡಿಯೋಣ. ಕೀಟಗಳು ಸುಮ್ಮನೆ ಕುಳಿತಿರುತ್ತವೆ, ನಿದ್ರೆ ಎಂಬುದಿಲ್ಲ ಎಂದೇ ಬಹುಕಾಲ ನಂಬಿಕೆಯಿತ್ತು. 1980ರ ದಶಕದಲ್ಲಿ ಜರ್ಮನಿಯ ವಾಲ್ಟರ್ ಕೈಸರ್ ರಾತ್ರಿಯ ಜೇನ್ನೊಣಗಳನ್ನು ಗಮನಿಸಿ, ಅವುಗಳ ಮೈ ಸಡಿಲವಾಗುವುದನ್ನು, ಮೀಸೆಗಳು ಜೋಲುಬೀಳುವುದನ್ನು ದಾಖಲಿಸಿದರು. 2000ದಲ್ಲಿ ಅಮೆರಿಕದ ಎರಡು ತಂಡಗಳು ಹಣ್ಣಿನ ನೊಣಗಳಿಗೂ ನಿದ್ರೆ ಇದೆ ಎಂದು ತೋರಿಸಿದವು. ರಾತ್ರಿಯಿಡೀ ಎಚ್ಚರ ಇಟ್ಟರೆ ಮರುದಿನ ಹೆಚ್ಚು ಹೊತ್ತು ಮಲಗಿ ಬಾಕಿ ತೀರಿಸಿಕೊಳ್ಳುತ್ತವೆ, ಕೆಫೀನ್ ಕೊಟ್ಟರೆ ನಿದ್ರೆಗೆಡುತ್ತವೆ, ನಮ್ಮ ಹಾಗೆಯೇ. 2018ರಲ್ಲಿ ಹಣ್ಣಿನ ನೊಣದ ಮರಿಹುಳುಗಳೂ ನಿದ್ರಿಸುತ್ತವೆ ಎಂದು ಗೊತ್ತಾಯಿತು. ನಮ್ಮ ಕಥೆಗೆ ಇದು ಮುಖ್ಯ, ಏಕೆಂದರೆ ಟಿಟಿವಾಯ್ ಕೂಡ ಅದೇ ಗಣಕ್ಕೆ ಸೇರಿದ ಮರಿಹುಳು.

ಇನ್ನು ಕನಸು. ಮನುಷ್ಯರಲ್ಲಿ ಕನಸಿನ ಕಾಲಕ್ಕೆ ಮಿದುಳು ಎಚ್ಚರದಲ್ಲಿದ್ದಷ್ಟೇ ಚುರುಕಾಗಿರುತ್ತದೆ, ಮುಚ್ಚಿದ ರೆಪ್ಪೆಯೊಳಗೆ ಕಣ್ಣುಗುಡ್ಡೆ ಹೊರಳುತ್ತದೆ. ನೊಣಗಳ ನಿದ್ರೆಯೂ ಉದ್ದಕ್ಕೂ ಒಂದೇ ತೆರನಾಗಿಲ್ಲ, ಅದರಲ್ಲಿಯೂ ಮಿದುಳು ಚುರುಕಾಗಿರುವ ಹಂತವೊಂದಿದೆ ಎಂದು ಆಸ್ಟ್ರೇಲಿಯಾದ ಕ್ವೀನ್ಸ್‌ಲ್ಯಾಂಡ್ ವಿಶ್ವವಿದ್ಯಾಲಯದ ತಂಡವೊಂದು 2017ರಲ್ಲಿ ವರದಿ ಮಾಡಿತು. ಅದಕ್ಕೂ ಮೊದಲು, 2015ರಲ್ಲಿ, ಜೇನ್ನೊಣಗಳ ಮೇಲೆ ಒಂದು ಚಂದದ ಪ್ರಯೋಗ ನಡೆದಿತ್ತು. ಹಗಲು ಪಾಠ ಕಲಿಸುವಾಗ ಇದ್ದ ವಾಸನೆಯನ್ನೇ ರಾತ್ರಿ ಗಾಢನಿದ್ರೆಯಲ್ಲಿ ಅವುಗಳ ಬಳಿ ಬಿಟ್ಟರೆ ಮರುದಿನ ಪಾಠ ಚೆನ್ನಾಗಿ ನೆನಪಿರುತ್ತಿತ್ತು. ನಿದ್ರೆಯಲ್ಲಿ ಆ ಪುಟ್ಟ ಮಿದುಳು ಹಗಲಿನ ಅನುಭವದ ಜೊತೆ ಏನೋ ಮಾಡುತ್ತಿದೆ ಎಂದಾಯಿತು. 2022ರಲ್ಲಿ ಜಿಗಿಯುವ ಜೇಡಗಳ ಮರಿಗಳಲ್ಲಿ, ಪಾರದರ್ಶಕ ಮೈಯೊಳಗಿನಿಂದಲೇ, ಮಲಗಿದಾಗ ಕಣ್ಣಿನ ಅಕ್ಷಿಪಟಲ ಹೊರಳುವುದನ್ನು ಕಂಡರು. ಜೇಡ ಕೀಟವಲ್ಲ, ಸರಿ. ಆದರೂ ಅಷ್ಟು ಸಣ್ಣ ತಲೆಯಲ್ಲಿ ಅಂಥದ್ದು ನಡೆಯುತ್ತದೆ ಎಂಬುದೇ ದೊಡ್ಡದು.

ಇಷ್ಟೆಲ್ಲ ಇದ್ದರೂ, ಒಂದು ಕೀಟ ಕನಸು ಕಂಡಿತು ಎಂದು ಈವರೆಗೆ ಯಾರೂ ಸಾಬೀತು ಮಾಡಿಲ್ಲ. ಟಿಟಿವಾಯ್ ಕನಸು ಕಾಣುತ್ತಾ ಹೊಳೆಯುತ್ತದೆ ಎಂದು ಹೇಳುವುದು ತಪ್ಪು. ಅದು ಹೊಳೆಯುವಾಗ ಮಾಡುತ್ತಿರುವುದು ಬೇಟೆ.

ಆದರೆ ಇಲ್ಲೇ ಒಂದು ಬೆರಗು ಕಾದಿದೆ. ಆಸ್ಟ್ರೇಲಿಯಾದ ಪ್ರಭೇದವೊಂದಕ್ಕೆ ಇಂಗಾಲದ ಡೈಆಕ್ಸೈಡ್ ಹಾಯಿಸಿ ಅರಿವು ತಪ್ಪಿಸಿದರೆ ಅದರ ದೀಪ ಆರುವುದಿಲ್ಲ. ಬದಲಿಗೆ ಭರ್ರನೆ ಪ್ರಖರವಾಗುತ್ತದೆ. ಮಿದುಳಿನಿಂದ ಬರುವ ನರದ ಸಂದೇಶವನ್ನು ತಡೆದರೂ ಬೆಳಕು ತಾನಾಗಿ ಸೋರತೊಡಗುತ್ತದೆ. ಅಂದರೆ ಆ ಹುಳುವಿಗೆ ದೀಪ ಹಚ್ಚುವುದು ಶ್ರಮವಲ್ಲ, ಆರಿಸಿ ಇಟ್ಟುಕೊಳ್ಳುವುದು ಶ್ರಮ. ಮೈ ಎಚ್ಚರದಿಂದ ಬೆಳಕನ್ನು ತಡೆಹಿಡಿದಿರುತ್ತದೆ, ಬೇಟೆಯ ಹೊತ್ತಿಗೆ ಆ ಹಿಡಿತವನ್ನು ಸ್ವಲ್ಪ ಸಡಿಲಿಸುತ್ತದೆ. ಕನಸಿನ ಮಾತು ಕೇಳಿ ಬಂದ ಮಕ್ಕಳಿಗೆ ನಾನು ಈ ಪ್ರಯೋಗದ ಕಥೆ ಹೇಳುತ್ತೇನೆ. ಈವರೆಗೆ ಯಾವ ಮಗುವೂ ನಿರಾಸೆಯಿಂದ ಎದ್ದು ಹೋಗಿಲ್ಲ.

ಗವಿಯೊಳಗೆ ಹಗಲು ರಾತ್ರಿ ಅವಕ್ಕೆ ಗೊತ್ತಾಗುತ್ತದೆಯೇ?

ಕಾಡಿನಲ್ಲಿರುವವು ಹಗಲು ಆರಿಸಿಕೊಂಡು ಬಿರುಕಿನೊಳಗೆ ವಿಶ್ರಮಿಸಿ, ಕತ್ತಲಾದ ಮೇಲೆ ಬೆಳಗುತ್ತವೆ. ಸೂರ್ಯನನ್ನೇ ಕಾಣದ ಗವಿಯಲ್ಲಿ ಒಂದೊಂದೂ ತನ್ನ ಇಷ್ಟದಂತೆ ಇರಬೇಕಿತ್ತು. ಟಾಸ್ಮೇನಿಯಾದ ಮಿಸ್ಟರಿ ಕ್ರೀಕ್ ಗವಿಯಲ್ಲಿ ಕ್ಯಾಮೆರಾ ಇಟ್ಟು ನೋಡಿದ ಡೇವಿಡ್ ಮೆರಿಟ್ ಮತ್ತು ಅವರ ಸಂಗಡಿಗರಿಗೆ ಬೇರೆಯೇ ಕಂಡಿತು. ಗವಿಯ ಮರಿಗಳು ಎಂದಿಗೂ ಪೂರ್ತಿ ಆರುವುದಿಲ್ಲ, ಆದರೆ ದಿನಕ್ಕೊಮ್ಮೆ ಎಲ್ಲವೂ ಒಟ್ಟಾಗಿ ಪ್ರಖರವಾಗಿ, ಒಟ್ಟಾಗಿ ಮಂಕಾಗುತ್ತವೆ. ಪ್ರಖರವಾಗುವುದು ಹೊರಗಿನ ಕಾಡಿನವು ಆರಿಕೊಂಡಿರುವ ಹಗಲಿನಲ್ಲಿ, ಮಧ್ಯಾಹ್ನ ಇಳಿಯುವ ಹೊತ್ತಿಗೆ. ಒಂದರ ಬೆಳಕನ್ನು ಇನ್ನೊಂದು ಕಂಡು ತನ್ನ ಒಳಗಿನ ಗಡಿಯಾರವನ್ನು ಹೊಂದಿಸಿಕೊಳ್ಳುತ್ತದೆ. ಸೂರ್ಯನಿಲ್ಲದ ಕಡೆ ನೆರೆಹೊರೆಯೇ ಸೂರ್ಯ. ಬದಲಾವಣೆ ಎಷ್ಟು ನಿಧಾನವೆಂದರೆ ಬರಿಗಣ್ಣಿಗೆ ಕಾಣುವುದಿಲ್ಲ, ಕ್ಯಾಮೆರಾದ ದಾಖಲೆಯನ್ನು ವೇಗವಾಗಿ ಓಡಿಸಿದಾಗ ಇಡೀ ಚಾವಣಿ ಉಸಿರಾಡಿದಂತೆ ತೋರುತ್ತದೆ.

ಎಷ್ಟು ದಿನ ಬದುಕುತ್ತವೆ?

ಮೊಟ್ಟೆ ಒಡೆಯಲು ಮೂರು ವಾರ. ಹುಟ್ಟಿದ ಗಳಿಗೆಯಿಂದಲೇ ಮರಿ ಬೆಳಗುತ್ತದೆ, ಆಗ ಅದರ ಉದ್ದ ಐದು ಮಿಲಿಮೀಟರ್ ಕೂಡ ದಾಟಿರುವುದಿಲ್ಲ. ಆಹಾರ ಸಿಕ್ಕಿದ್ದನ್ನು ಅವಲಂಬಿಸಿ ಆರು ತಿಂಗಳಿಂದ ಒಂದು ವರ್ಷ ಮರಿಯಾಗಿಯೇ ಇದ್ದು ಮೂರು-ನಾಲ್ಕು ಸೆಂಟಿಮೀಟರ್ ಬೆಳೆಯುತ್ತದೆ. ಆಮೇಲೆ ಒಂದೆರಡು ವಾರ ಕೋಶಾವಸ್ಥೆ. ಕೊನೆಗೆ ರೆಕ್ಕೆ ಬಂದ ನೊರಜು.

ಆ ನೊರಜಿಗೆ ತಿನ್ನುವ ಬಾಯಿ ಇಲ್ಲ. ಒಂದು ವರ್ಷ ಹಸಿವಿಗಾಗಿಯೇ ದೀಪ ಹಚ್ಚಿ ಕುಳಿತ ಜೀವ, ರೆಕ್ಕೆ ಬಂದ ಮೇಲೆ ಒಂದು ತುತ್ತೂ ಉಣ್ಣದೆ ಕೆಲವೇ ದಿನಗಳಲ್ಲಿ ಸಾಯುತ್ತದೆ. ಹೆಣ್ಣು ಕೋಶದೊಳಗಿರುವಾಗಲೇ ಬೆಳಗುತ್ತದೆ. ಗಂಡುಗಳು ಆ ಬೆಳಕಿಗೆ ಬಂದು ಕೋಶಕ್ಕೆ ತೂಗಿಕೊಂಡು ಕಾಯುತ್ತವೆ. ಹೊರಬಂದ ಕೂಡಲೇ ಕೂಡುವುದು, ನೂರಕ್ಕೂ ಮಿಕ್ಕಿ ಮೊಟ್ಟೆ ಇಡುವುದು, ಅಲ್ಲಿಗೆ ಮುಗಿಯಿತು. ಈ ನೊರಜುಗಳಿಗೆ ಹಾರಾಟ ಚೆನ್ನಾಗಿ ಬರುವುದಿಲ್ಲ. ತಮ್ಮದೇ ಪ್ರಭೇದದ ಮರಿಗಳ ಎಳೆಗೆ ಸಿಕ್ಕಿ ಅವುಗಳಿಗೆ ಆಹಾರವಾಗುವುದೂ ಉಂಟು.

ಶತ್ರುಗಳಿವೆಯೇ?

ಉದ್ದ ಕಾಲಿನ, ಜೇಡನಂತೆ ಕಾಣುವ ಗವಿಜೀವಿಗಳು ಮೊಟ್ಟೆ, ಮರಿ, ನೊರಜು ಎಲ್ಲವನ್ನೂ ತಿನ್ನುತ್ತವೆ. ಇನ್ನೊಂದು ಶತ್ರು ಒಂದು ಶಿಲೀಂಧ್ರ. ಮರಿಯ ಮೈ ಹೊಕ್ಕು ಕೊಲ್ಲುತ್ತದೆ, ಸತ್ತ ಮೈ ಬಿಳಿಯಾಗಿ ಬೂಷ್ಟು ಹಿಡಿದು ನೇತಾಡುತ್ತದೆ. ವಿಜ್ಞಾನಿಗಳು ಅದಕ್ಕೆ ಟೋಲಿಪೋಕ್ಲೇಡಿಯಂ ಎಕ್ಸ್‌ಟಿಂಗ್ವೆನ್ಸ್ ಎಂದು ಹೆಸರಿಟ್ಟರು. ಲ್ಯಾಟಿನ್ನಿನ ಆ ಎರಡನೆಯ ಪದಕ್ಕೆ ನಂದಿಸುವಂಥದ್ದು ಎಂದರ್ಥ. ಮರಿಗಳು ತೀರ ಹತ್ತಿರ ಹತ್ತಿರ ಬಂದರೆ ಪರಸ್ಪರ ಕಚ್ಚಾಡುತ್ತವೆ. ಚಾವಣಿಯ ಚುಕ್ಕಿಗಳ ನಡುವೆ ಅಷ್ಟಿಷ್ಟು ಅಂತರ ಇರುವುದು ಇದರಿಂದಲೇ.

ವೈಟೊಮೊ ಗವಿಯ ಕಥೆ ಏನು?

ಅಲ್ಲಿನ ಮಾವೋರಿಗಳಿಗೆ ಗವಿ ಮೊದಲೇ ಗೊತ್ತಿತ್ತು. ಒಳಗಿನ ಹೊಳೆಯನ್ನು ಹಿಡಿದು ಹೋಗಿ ನೋಡಿದ್ದು 1887ರಲ್ಲಿ. ಮಾವೋರಿ ಮುಖ್ಯಸ್ಥ ತಾನೆ ಟಿನೊರಾವ್ ಮತ್ತು ಇಂಗ್ಲಿಷ್ ಭೂಮಾಪಕ ಫ್ರೆಡ್ ಮೇಸ್ ನಾರುಗಿಡದ ದಂಟುಗಳನ್ನು ಕಟ್ಟಿ ತೆಪ್ಪ ಮಾಡಿಕೊಂಡು, ಮೇಣದ ಬತ್ತಿ ಹಿಡಿದು, ಹೊಳೆ ಭೂಮಿಯೊಳಗೆ ಇಳಿಯುವ ಕಡೆಯಿಂದ ಒಳಹೋದರು. ಮೊದಲು ಅವರಿಗೆ ಕಂಡದ್ದು ನೀರಿನಲ್ಲಿ ಬಿದ್ದ ಬೆಳಕಿನ ಪ್ರತಿಬಿಂಬ, ಆಮೇಲೆ ತಲೆಯೆತ್ತಿ ನೋಡಿದರು ಎಂದು ಅಲ್ಲಿ ಕಥೆ ಹೇಳುತ್ತಾರೆ. ಟಿಟಿವಾಯ್ ಎಂಬ ಪದ ನನಗೆ ಸರಿಯಾಗಿ ಅರ್ಥವಾದದ್ದು ಆ ಕಥೆ ಕೇಳಿದಾಗ.

1889ರಲ್ಲಿ ತಾನೆ ಟಿನೊರಾವ್ ಮತ್ತು ಅವರ ಪತ್ನಿ ಹುಟಿ ಗವಿಯನ್ನು ಪ್ರವಾಸಿಗರಿಗೆ ತೆರೆದು ತಾವೇ ಕರೆದೊಯ್ದು ತೋರಿಸತೊಡಗಿದರು. 1906ರಲ್ಲಿ ಸರ್ಕಾರ ಅದನ್ನು ವಶಕ್ಕೆ ತೆಗೆದುಕೊಂಡಿತು. 1989ರಲ್ಲಿ ಜಾಗ ಮೂಲ ಒಡೆಯರ ವಂಶಸ್ಥರಿಗೆ ಮರಳಿತು. ಇವತ್ತು ಅಲ್ಲಿ ಕೆಲಸ ಮಾಡುವವರಲ್ಲಿ ಆ ದಂಪತಿಯ ಸಂತತಿಯವರು ಬಹಳ ಮಂದಿ.

ಪ್ರವಾಸಿಗರಿಂದ ಹುಳುಗಳಿಗೆ ತೊಂದರೆಯಿಲ್ಲವೇ?

ಇದೆ, ಅನುಭವವೂ ಆಗಿದೆ. 1970ರ ದಶಕದಲ್ಲಿ ವೈಟೊಮೊದ ಬೆಳಕು ದಿನೇ ದಿನೇ ಕ್ಷೀಣಿಸಿ, ಗವಿಯನ್ನು ಕೆಲವು ತಿಂಗಳು ಮುಚ್ಚಬೇಕಾಯಿತು. ಒಳಗೆ ಗಾಳಿ ಹೆಚ್ಚು ಹರಿದು ಪಸೆ ಆರಿದ್ದೇ ಕಾರಣ. ಅಂಟುಹನಿ ಒಣಗಿತು, ಬೇಟೆ ನಿಂತಿತು, ಬೆಳಕು ಕಂತಿತು. ಅಂದಿನಿಂದ ಗವಿಯ ಉಷ್ಣತೆ, ತೇವ, ಗಾಳಿಯ ಹರಿವು, ನಮ್ಮ ಉಸಿರಿನಿಂದ ಸೇರುವ ಇಂಗಾಲದ ಡೈಆಕ್ಸೈಡ್ ಎಲ್ಲವನ್ನೂ ಉಪಕರಣಗಳಿಟ್ಟು ಅಳೆಯುತ್ತಾರೆ. ಆ ಅನಿಲ ಹೆಚ್ಚಾದರೆ ಸುಣ್ಣಕಲ್ಲಿಗೂ ಕೇಡು. ಗವಿಗೆ ಗಾಳಿ ಬಿಡುವ ಒಂದು ಬಾಗಿಲು ಯಾವಾಗ ತೆರೆದಿರಬೇಕು, ಯಾವಾಗ ಮುಚ್ಚಿರಬೇಕು ಎಂಬುದರ ಮೇಲೆ ಸಾವಿರಾರು ಜೀವಗಳು ನಿಂತಿವೆ. ನದಿಯ ಮೇಲ್ಗಡೆ ಕಾಡು ಕಡಿದು ಹೂಳು ಹರಿದುಬಂದರೆ ನೀರಿನ ಹುಳುಗಳು ಕಡಿಮೆಯಾಗುತ್ತವೆ, ಅದೂ ಇವುಗಳ ಹೊಟ್ಟೆಗೇ ಬೀಳುವ ಏಟು. ಗವಿ ಉಳಿಸುವುದೆಂದರೆ ಗವಿಯ ಹೊರಗಿನ ಬೆಟ್ಟವನ್ನೂ ಉಳಿಸುವುದು.

ನೋಡಲು ಹೋಗುವವರು ಏನು ತಿಳಿದಿರಬೇಕು?

ವೈಟೊಮೊ ಇರುವುದು ಆಕ್ಲೆಂಡಿನಿಂದ ದಕ್ಷಿಣಕ್ಕೆ ಸುಮಾರು 200 ಕಿಲೋಮೀಟರ್ ದೂರದಲ್ಲಿ. ಹ್ಯಾಮಿಲ್ಟನ್‌ನಿಂದ ಒಂದು ಗಂಟೆಯ ಹಾದಿ. ಆಕ್ಲೆಂಡಿನಲ್ಲಿ ಮಕ್ಕಳ ಮನೆಗೆಂದು ಹೋಗುವ ನಮ್ಮ ಹಿರಿಯರಿಗೆ ಒಂದೇ ದಿನದಲ್ಲಿ ಹೋಗಿ ಬರಲು ಆಗುತ್ತದೆ. ಗವಿಯೊಳಗೆ ವರ್ಷವಿಡೀ ತಂಪು, ಮೆಟ್ಟಿಲುಗಳಿವೆ, ನೆಲ ಒದ್ದೆ. ಒಂದು ಸ್ವೆಟರ್, ಜಾರದ ಚಪ್ಪಲಿ ಇರಲಿ.

ಗವಿಯಲ್ಲಿ ಫೋಟೋ ತೆಗೆಯುವಂತಿಲ್ಲ. ದಯವಿಟ್ಟು ಕದ್ದು ತೆಗೆಯಬೇಡಿ. ಫ್ಲ್ಯಾಶ್ ಬಿದ್ದರೆ, ಟಾರ್ಚ್ ಬಿದ್ದರೆ ಮರಿಗಳು ದೀಪ ಆರಿಸುತ್ತವೆ. ಆರಿದ ದೀಪ ಎಂದರೆ ತಪ್ಪಿದ ಊಟ. ದೋಣಿಗೆ ಎಂಜಿನ್ ಇಲ್ಲ, ಹುಟ್ಟೂ ಇಲ್ಲ. ಮಾರ್ಗದರ್ಶಿ ತಲೆಯ ಮೇಲೆ ಕಟ್ಟಿದ ಹಗ್ಗಗಳನ್ನು ಕತ್ತಲಲ್ಲೇ ಕೈಯಿಂದ ತಡವಿ ಹಿಡಿದು ಎಳೆಯುತ್ತಾ ದೋಣಿಯನ್ನು ಸಾಗಿಸುತ್ತಾಳೆ. ಹಗ್ಗದ ಕಿರುಗುಟ್ಟುವಿಕೆ, ನೀರು ತೊಟ್ಟಿಕ್ಕುವ ಸದ್ದು, ಇವೆರಡೇ.

ಹಣ ಕೊಡದೆ ನೋಡುವ ಜಾಗಗಳೂ ಇವೆ. ದಕ್ಷಿಣ ದ್ವೀಪದ ಹೊಕಿಟಿಕಾ ಊರಿನ ಅಂಚಿನಲ್ಲಿ, ಹೆದ್ದಾರಿಯ ಪಕ್ಕದ ಒಂದು ಕೊರಕಲಿನಲ್ಲಿ ಕತ್ತಲಾದ ಮೇಲೆ ಹೋಗಿ ನಿಂತರೆ ಸಾಕು.

ಕರ್ನಾಟಕದ ಗವಿಗಳಲ್ಲಿ ಇವು ಸಿಗುತ್ತವೆಯೇ?

ಸಿಗುವುದಿಲ್ಲ. ಯಾಣ, ದಾಂಡೇಲಿಯ ಕವಳಾ ಗವಿಗಳನ್ನು ಹೆಸರಿಸಿ ಕೇಳುವವರಿದ್ದಾರೆ. ಈ ಕುಲ ಇರುವುದು ನ್ಯೂಜಿಲೆಂಡ್, ಆಸ್ಟ್ರೇಲಿಯಾಗಳಲ್ಲಿ ಮಾತ್ರ. ಅಮೆರಿಕದ ಅಲಬಾಮಾದ ಡಿಸ್ಮಲ್ಸ್ ಕಣಿವೆಯಲ್ಲಿ ನೀಲಿಯಾಗಿ ಬೆಳಗುವ ದೂರದ ಸಂಬಂಧಿಯೊಂದಿದೆ, ಅದರ ದೀಪದ ಅಂಗವೇ ಬೇರೆ.

ನಮಗೆ ಬೇರೆ ಭಾಗ್ಯವಿದೆ. ಮುಂಗಾರಿಗೆ ಮೊದಲು, ಮೇ ಕೊನೆಯ ಹೊತ್ತಿಗೆ ಸಹ್ಯಾದ್ರಿಯ ಮರಗಳ ತುಂಬ ಮಿಂಚುಹುಳು ಒಟ್ಟಾಗಿ ಹತ್ತಿ ಆರುತ್ತವೆ. ಮಳೆ ಹಿಡಿದ ಮೇಲೆ ಕೊಳೆತ ಕೊಂಬೆಗಳ ಮೇಲೆ ಮಂದವಾಗಿ ಹಸಿರು ಬೆಳಗುವ ಶಿಲೀಂಧ್ರಗಳಿವೆ. ರೆಕ್ಕೆಯಿಲ್ಲದ ಹೆಣ್ಣು ಮಿಂಚುಹುಳುಗಳು ನೆಲದ ಮೇಲೆ ತೆವಳುತ್ತಾ ಬೆಳಗುತ್ತವೆ. ಇವನ್ನೆಲ್ಲ ಕಾಣದಂತೆ ಮಾಡುತ್ತಿರುವುದು ನಮ್ಮ ರೆಸಾರ್ಟುಗಳ, ತೋಟದ ಮನೆಗಳ ರಾತ್ರಿಯಿಡೀ ಉರಿಯುವ ಬೆಳ್ಳನೆಯ ದೀಪಗಳು. ಈ ವಿಷಯದಲ್ಲಿ ನನಗೆ ಸಿಟ್ಟಿದೆ. ಅಂಗಳದ ದೀಪವನ್ನು ಹತ್ತು ಗಂಟೆಗೆ ಆರಿಸಲು ಯಾರ ಅಪ್ಪಣೆಯೂ ಬೇಕಿಲ್ಲ.

ಸೀಸೆಯಲ್ಲಿ ಹಾಕಿ ಮನೆಗೆ ತರಬಹುದೇ?

ಬೇಡ. ಕಾನೂನಿನ ಮಾತು ಹಾಗಿರಲಿ, ಜೋಲಿ ಹರಿದ ಮರುಗಳಿಗೆಯಿಂದ ಆ ಮರಿ ದಿಕ್ಕೆಟ್ಟ ಹುಳು. ಒಣಗಾಳಿಯಲ್ಲಿ ಅದರ ತೆಳು ಚರ್ಮ ಬಾಡುತ್ತದೆ.

ಕತ್ತಲಲ್ಲಿ ಎಷ್ಟು ಹೊತ್ತು ಕಾಯಬೇಕು?

ಮೊಬೈಲ್ ಜೇಬಿಗೆ ಹಾಕಿ, ಟಾರ್ಚ್ ಆರಿಸಿ ನಿಲ್ಲಿ. ಮೊದಲ ನಿಮಿಷದಲ್ಲಿ ಐದಾರು ಚುಕ್ಕಿ ಕಾಣಬಹುದು, ಇಷ್ಟೇನೇ ಎಂದು ಅನ್ನಿಸಬಹುದು. ನಮ್ಮ ಕಣ್ಣು ಕತ್ತಲಿಗೆ ಪೂರ್ತಿ ಒಗ್ಗಲು ಇಪ್ಪತ್ತು-ಮೂವತ್ತು ನಿಮಿಷ ಬೇಕು. ಐದು ನಿಮಿಷವಾದ ಮೇಲೆ ಆ ಐದಾರರ ನಡುವೆ ಹತ್ತಿಪ್ಪತ್ತು ಏಳುತ್ತವೆ. ಹತ್ತು ನಿಮಿಷಕ್ಕೆ ಬಂಡೆಯ ಅಂಚು ತಿಳಿಯುತ್ತದೆ. ಅರ್ಧ ಗಂಟೆಗೆ, ಎಲ್ಲಕ್ಕಿಂತ ಹತ್ತಿರದ ಚುಕ್ಕಿಯ ಕೆಳಗೆ, ಅದರದೇ ಬೆಳಕಿನಲ್ಲಿ ನೀಲಿಯಾದ ಒಂದು ಎಳೆಯ ಮೇಲಿನ ಎರಡು ಮೂರು ಹನಿ ಕಾಣುತ್ತದೆ.